ಕಟ್ಟುಹಾವೋ, ತೋಳಹಾವೋ? ಬೆಂಗಳೂರಿನ ಹೊರವಲಯದಲ್ಲಿ ಉರಗ, ಕಪ್ಪೆಗಳನ್ನು ಗುರುತಿಸುವ ಬಗೆ

ವೈಟ್‌ಫೀಲ್ಡ್‌ನ ವಸತಿ ಸಮುಚ್ಚಯವಿರಲಿ, ಪೀಣ್ಯದ ಕಾರ್ಖಾನೆಯ ಗೋದಾಮಿರಲಿ, ಎಲೆಕ್ಟ್ರಾನಿಕ್ ಸಿಟಿಯ ವಾಹನ ನಿಲ್ದಾಣವಿರಲಿ, ಹಾವೊಂದು ಕಾಣಿಸಿಕೊಂಡಿತೆಂದರೆ ಜನ ಮೊದಲು ಕೇಳುವ ಪ್ರಶ್ನೆ 'ಇದು ಎಲ್ಲಿಂದ ಬಂತು?' ಎಂಬುದು. ಅದಕ್ಕಿಂತ ಮುಖ್ಯವಾದ ಪ್ರಶ್ನೆ 'ಇದು ಯಾವುದು?' ಎಂಬುದು. ಆ ಪ್ರಶ್ನೆಗೆ ಸರಿಯಾದ ಉತ್ತರ ದೊರೆಯದ ಕಾರಣಕ್ಕೇ ನಿರುಪದ್ರವಿ ಹಾವುಗಳು ದೊಣ್ಣೆಯ ಪೆಟ್ಟಿಗೆ ಬಲಿಯಾಗುತ್ತವೆ. ಅದೇ ಕಾರಣಕ್ಕೆ ಒಮ್ಮೊಮ್ಮೆ ಮನುಷ್ಯರ ಪ್ರಾಣವೂ ಹೋಗುತ್ತದೆ.

ಹಗ್ಗವನ್ನು ಹಾವೆಂದು ತಿಳಿಯುವ ಭ್ರಾಂತಿಯನ್ನು ವೇದಾಂತಿಗಳು ದೃಷ್ಟಾಂತವಾಗಿ ಬಳಸುತ್ತ ಬಂದಿದ್ದಾರೆ. ಮಹಾನಗರದ ಅಂಚಿನಲ್ಲಿ ಎದುರಾಗುವುದು ಬೇರೆಯೇ ಬಗೆಯ ಭ್ರಾಂತಿ. ಇಲ್ಲಿ ಒಂದು ಹಾವನ್ನು ಮತ್ತೊಂದು ಹಾವೆಂದು ತಿಳಿಯಲಾಗುತ್ತದೆ. ಮಣ್ಣುಮುಕ್ಕವನ್ನು ಕೊಳಕುಮಂಡಲವೆಂದು ಭಾವಿಸಿ ಕೊಂದರೆ ನಷ್ಟ ಹಾವಿಗೆ. ಕಟ್ಟುಹಾವನ್ನು ತೋಳಹಾವೆಂದು ಭಾವಿಸಿ ಕೈಯಲ್ಲಿ ಹಿಡಿದರೆ ನಷ್ಟ ಹಿಡಿದವನಿಗೆ.

ಹೊಲಗದ್ದೆಗಳ ಮೇಲೆ ಎದ್ದ ಊರು

೧೯೭೮ರಲ್ಲಿ ಕಿಯೋನಿಕ್ಸ್ ಸಂಸ್ಥೆಯು ಕೋನಪ್ಪನ ಅಗ್ರಹಾರ ಹಾಗೂ ದೊಡ್ಡತೋಗೂರು ಗ್ರಾಮಗಳ ೩೩೨ ಎಕರೆ ಜಮೀನಿನಲ್ಲಿ ಎಲೆಕ್ಟ್ರಾನಿಕ್ ಸಿಟಿಯನ್ನು ಆರಂಭಿಸಿದಾಗ ಸುತ್ತಲೂ ಇದ್ದದ್ದು ರಾಗಿ ಹೊಲ, ಕೆರೆ, ಗುಂಡುತೋಪು ಹಾಗೂ ಬಂಡೆಗಲ್ಲಿನ ಬಯಲು. ೧೮೮೨ರಲ್ಲಿ ಯುರೇಷ್ಯನ್ ಮತ್ತು ಆಂಗ್ಲೋ ಇಂಡಿಯನ್ ಕುಟುಂಬಗಳ ವಸಾಹತಾಗಿ ಹುಟ್ಟಿದ ವೈಟ್‌ಫೀಲ್ಡ್ ಕೂಡ ಒಂದು ಶತಮಾನಕ್ಕೂ ಹೆಚ್ಚು ಕಾಲ ತೋಟಗಳ ನಡುವಿನ ಸಣ್ಣ ಊರಾಗಿಯೇ ಇತ್ತು. ಕಟ್ಟಡಗಳು ಬಂದ ಮೇಲೆ ಹೊಲಗಳು ಮಾಯವಾದವು. ಆದರೆ ಹೊಲದ ಜೀವಿಗಳೆಲ್ಲವೂ ಮಾಯವಾಗಲಿಲ್ಲ. ಖಾಲಿ ನಿವೇಶನಗಳಲ್ಲಿ, ರಾಜಕಾಲುವೆಗಳ ದಂಡೆಯಲ್ಲಿ, ವರ್ತೂರು, ಹೆಬ್ಬಗೋಡಿಯಂತಹ ಕೆರೆಗಳ ಅಂಚಿನಲ್ಲಿ, ಕಾರ್ಖಾನೆಗಳ ಹಿತ್ತಿಲಿನ ಹಳೆ ಕಬ್ಬಿಣದ ರಾಶಿಯಲ್ಲಿ ಅವು ಇಂದಿಗೂ ಬದುಕಿವೆ.

ಅವು ಉಳಿದುಕೊಳ್ಳಲು ಕಾರಣವೂ ಸರಳವಾದದ್ದೇ. ತಿಂಡಿ ಮಳಿಗೆಗಳ ಹಿಂದೆ ಬೀಳುವ ತ್ಯಾಜ್ಯ ಇಲಿ ಹೆಗ್ಗಣಗಳನ್ನು ಸಾಕುತ್ತದೆ. ಇಲಿಗಳನ್ನು ಅರಸಿ ಕೇರೆಹಾವು, ನಾಗರಹಾವು, ಕೊಳಕುಮಂಡಲಗಳು ಬರುತ್ತವೆ. ಬೀದಿದೀಪದ ಬೆಳಕಿಗೆ ಹುಳುಗಳು ಮುತ್ತುತ್ತವೆ. ಹುಳುಗಳಿಗಾಗಿ ಹಲ್ಲಿ, ಕಪ್ಪೆಗಳು ಸೇರುತ್ತವೆ. ಹಲ್ಲಿಗಳ ಬೆನ್ನುಹತ್ತಿ ತೋಳಹಾವು ಗೋಡೆ ಏರುತ್ತದೆ. ಹಾಗಾಗಿ ಕಾಂಪೌಂಡಿನೊಳಗೆ ಹಾವು ಕಂಡಿತೆಂದರೆ ಅಲ್ಲಿ ಅದಕ್ಕೊಂದು ಆಹಾರವಿದೆ, ಅಡಗುವ ಜಾಗವಿದೆ ಎಂದೇ ಅರ್ಥ.

ಈ ಪ್ರದೇಶವನ್ನು ವಿಜ್ಞಾನಿಗಳು ಪೂರ್ತಿಯಾಗಿ ನೋಡಿ ಮುಗಿಸಿಲ್ಲ ಎಂಬುದಕ್ಕೆ ೨೦೨೦ರ ಒಂದು ಶೋಧವೇ ಸಾಕ್ಷಿ. ಆ ವರ್ಷ ಬೆಂಗಳೂರಿನ ಹೊರವಲಯದ ರಾಜಾನುಕುಂಟೆ ಬಳಿಯ ಬಯಲಿನಲ್ಲಿ ದೊರೆತ ಬಿಲಗಪ್ಪೆಯೊಂದು ಜಗತ್ತಿಗೇ ಹೊಸ ಪ್ರಭೇದವೆಂದು 'ಝೂಟಾಕ್ಸಾ' ಪತ್ರಿಕೆಯಲ್ಲಿ ಪ್ರಕಟವಾಯಿತು. ಮೌಂಟ್ ಕಾರ್ಮೆಲ್ ಕಾಲೇಜಿನ ಪಿ. ದೀಪಕ್, ಭಾರತೀಯ ಪ್ರಾಣಿವಿಜ್ಞಾನ ಸರ್ವೇಕ್ಷಣಾಲಯದ ಕೆ.ಪಿ. ದಿನೇಶ್, ಭಾರತೀಯ ವಿಜ್ಞಾನ ಸಂಸ್ಥೆಯ ಕಾರ್ತಿಕ್ ಶಂಕರ್ ಮೊದಲಾದವರು ಸೇರಿ ಅದಕ್ಕಿಟ್ಟ ಹೆಸರು 'ಸ್ಫೀರೋಥೀಕಾ ಬೆಂಗಳೂರು'. ಅದಕ್ಕೂ ಎರಡು ವರ್ಷ ಮೊದಲು, ೨೦೧೮ರಲ್ಲಿ, ಮಂಗಳೂರು ನಗರದಲ್ಲಿಯೇ ಸಿಕ್ಕ ಪುಟ್ಟ ಕಪ್ಪೆಗೆ ಆ ಊರಿನ ಕೊಂಕಣಿ ಹೆಸರನ್ನು ಸೇರಿಸಿ 'ಮೈಕ್ರೋಹೈಲಾ ಕೊಡಿಯಾಲ್' ಎಂದು ನಾಮಕರಣ ಮಾಡಲಾಗಿತ್ತು. ಹೊಸ ಜೀವಿಗಳು ಸಿಗುವುದು ಪಶ್ಚಿಮಘಟ್ಟದ ದಟ್ಟ ಕಾಡಿನಲ್ಲಿ ಮಾತ್ರ ಎಂಬ ನಂಬಿಕೆಯನ್ನು ಈ ಎರಡು ಕಪ್ಪೆಗಳು ಸುಳ್ಳು ಮಾಡಿವೆ.

ನಂಬಲಾಗದ ಸೂತ್ರಗಳು

ಹಾವನ್ನು ಗುರುತಿಸಲು ಜನರಲ್ಲಿ ಕೆಲವು ಸುಲಭ ಸೂತ್ರಗಳು ಪ್ರಚಲಿತವಾಗಿವೆ. ತಲೆ ತ್ರಿಕೋನಾಕಾರವಾಗಿದ್ದರೆ ವಿಷದ ಹಾವು, ಕಣ್ಣಿನ ಪಾಪೆ ಬೆಕ್ಕಿನದರಂತೆ ಸೀಳಾಗಿದ್ದರೆ ವಿಷದ ಹಾವು ಎಂಬಂತಹ ಮಾತುಗಳು ಅಂತರ್ಜಾಲದಲ್ಲಿ ಧಾರಾಳವಾಗಿ ಸಿಗುತ್ತವೆ. ಇವುಗಳಲ್ಲಿ ಬಹುಪಾಲು ಉತ್ತರ ಅಮೆರಿಕದಿಂದ ಬಂದವು. ಅಲ್ಲಿನ ವಿಷದ ಹಾವುಗಳಲ್ಲಿ ಹೆಚ್ಚಿನವು ಮಂಡಲದ ಜಾತಿಗೆ ಸೇರಿರುವುದರಿಂದ ಅಲ್ಲಿ ಈ ಸೂತ್ರಗಳು ತಕ್ಕಮಟ್ಟಿಗೆ ನಿಲ್ಲುತ್ತವೆ.

ನಮ್ಮಲ್ಲಿ ಅವು ನಿಲ್ಲುವುದಿಲ್ಲ. ನಾಗರಹಾವು ಮತ್ತು ಕಟ್ಟುಹಾವು, ಎರಡಕ್ಕೂ ತ್ರಿಕೋನದ ತಲೆಯಿಲ್ಲ. ಎರಡರ ಕಣ್ಣಿನ ಪಾಪೆಯೂ ದುಂಡಗೇ ಇರುತ್ತದೆ. ಇದಕ್ಕೆ ಪ್ರತಿಯಾಗಿ ಏನೂ ಅರಿಯದ ಮಣ್ಣುಮುಕ್ಕ ಹಾಗೂ ಹೆಬ್ಬಾವುಗಳ ಪಾಪೆ ಸೀಳಾಗಿರುತ್ತದೆ. ಸೂತ್ರವನ್ನು ನಂಬಿದವನು ಹೆಬ್ಬಾವಿಗೆ ಹೆದರಿ, ಕಟ್ಟುಹಾವಿನ ಹತ್ತಿರ ಹೋಗುವ ಸಂಭವವೇ ಹೆಚ್ಚು. 'ಎರಡು ಹಲ್ಲಿನ ಗುರುತಿದ್ದರೆ ವಿಷ, ಸಾಲಾಗಿದ್ದರೆ ವಿಷವಿಲ್ಲ' ಎಂಬ ಮಾತೂ ಅಷ್ಟೇ. ಕಟ್ಟುಹಾವಿನ ಹಲ್ಲುಗಳು ಎಷ್ಟು ಸಣ್ಣವೆಂದರೆ ಹಲವು ಬಾರಿ ಗುರುತೇ ಕಾಣಿಸುವುದಿಲ್ಲ.

ಬಣ್ಣವನ್ನು ನೆಚ್ಚುವುದೂ ಸರಿಯಲ್ಲ. ನಾಗರಹಾವು ಗೋಧಿ ಬಣ್ಣದಿಂದ ಹಿಡಿದು ಕಪ್ಪಿನವರೆಗೆ ಹಲವು ಛಾಯೆಗಳಲ್ಲಿರುತ್ತದೆ. ಪೊರೆ ಬಿಡುವ ಮುನ್ನ ಯಾವ ಹಾವಾದರೂ ಮಂಕಾಗುತ್ತದೆ. ಆದ್ದರಿಂದ ಒಂದು ಲಕ್ಷಣವನ್ನಷ್ಟೇ ನೋಡಿ ತೀರ್ಮಾನಿಸದೆ, ಆಕಾರ, ಮೈಮೇಲಿನ ವಿನ್ಯಾಸ, ವಿನ್ಯಾಸ ಎಲ್ಲಿ ಆರಂಭವಾಗಿ ಎಲ್ಲಿ ಮಸುಕಾಗುತ್ತದೆ, ಚಲನೆ, ಹೊತ್ತು, ಜಾಗ ಇವೆಲ್ಲವನ್ನೂ ಕೂಡಿಸಿ ನೋಡಬೇಕು.

ಜೋಡಿಗಳನ್ನು ಅರಿತರೆ ಅರ್ಧ ಕೆಲಸವಾದಂತೆ

ಭಾರತದಲ್ಲಿ ೩೦೦ಕ್ಕೂ ಹೆಚ್ಚು ಬಗೆಯ ಹಾವುಗಳಿವೆ. ಆದರೆ ಹಾವು ಕಡಿತದ ಸಾವುಗಳಲ್ಲಿ ಬಹುಪಾಲಿಗೆ ಕಾರಣವಾಗುವವು ನಾಲ್ಕೇ: ನಾಗರಹಾವು, ಕಟ್ಟುಹಾವು, ಕೊಳಕುಮಂಡಲ, ಗರಗಸ ಮಂಡಲ. ಈ ನಾಲ್ಕನ್ನೂ, ಇವುಗಳಂತೆಯೇ ತೋರುವ ನಿರಪಾಯಿ ಹಾವುಗಳನ್ನೂ ಜೋಡಿ ಜೋಡಿಯಾಗಿ ಅಭ್ಯಾಸ ಮಾಡುವುದು ಸುಲಭದ ದಾರಿ.

ಮೊದಲನೆಯದು ಕಟ್ಟುಹಾವು ಮತ್ತು ತೋಳಹಾವು. ಕಟ್ಟುಹಾವು ನೀಲಿ ಬೆರೆತ ಕಪ್ಪು ಬಣ್ಣದ, ಎಣ್ಣೆ ಸವರಿದಂತೆ ಹೊಳೆಯುವ ಹಾವು. ಮೈಮೇಲೆ ತೆಳುವಾದ ಬಿಳಿ ಕಟ್ಟುಗಳಿರುತ್ತವೆ, ಅವು ಹಲವೊಮ್ಮೆ ಎರಡೆರಡಾಗಿ ಕೂಡಿಕೊಂಡಿರುತ್ತವೆ. ಈ ಕಟ್ಟುಗಳು ತಲೆಯಿಂದ ಸಾಕಷ್ಟು ಹಿಂದೆ ಆರಂಭವಾಗಿ ಬಾಲದ ಕಡೆಗೆ ಸ್ಪಷ್ಟವಾಗುತ್ತ ಹೋಗುತ್ತವೆ. ತೋಳಹಾವಿನದು ಕಂದು ಬಣ್ಣ. ಅದರ ಪಟ್ಟೆಗಳು ಕತ್ತಿನ ಬಳಿಯೇ ಎದ್ದು ಕಾಣುವಂತೆ ಆರಂಭವಾಗಿ ಬಾಲದ ಕಡೆಗೆ ಮಸುಕಾಗುತ್ತವೆ. ಅಂದರೆ ಒಂದರ ವಿನ್ಯಾಸ ಇನ್ನೊಂದರದ್ದಕ್ಕೆ ತಿರುಗುಮುರುಗಾಗಿದೆ. ಕಟ್ಟುಹಾವಿನ ಬೆನ್ನಿನ ನಡುಸಾಲಿನ ಹುರುಪೆಗಳು ಉಳಿದವುಗಳಿಗಿಂತ ದೊಡ್ಡದಾಗಿ ಆರು ಮೂಲೆಯವಾಗಿರುತ್ತವೆ. ದೂರದಿಂದ ತೆಗೆದ ಒಳ್ಳೆಯ ಛಾಯಾಚಿತ್ರದಲ್ಲಿ ಇದನ್ನು ಕಾಣಬಹುದು. ತೋಳಹಾವು ಗೋಡೆ ಹತ್ತುವುದರಲ್ಲಿ ನಿಪುಣ, ಕಟ್ಟುಹಾವು ಹೆಚ್ಚಾಗಿ ನೆಲದ ಮೇಲಿನ ಜೀವಿ. ಆದರೆ ಎರಡೂ ರಾತ್ರಿಯ ಹೊತ್ತೇ ಓಡಾಡುವುದರಿಂದ ಗೊಂದಲ ತಪ್ಪಿದ್ದಲ್ಲ. ಸಂಶಯವಿದ್ದಾಗ ಪಟ್ಟೆಯಿರುವ ಪ್ರತಿಯೊಂದು ಹಾವನ್ನೂ ಕಟ್ಟುಹಾವೆಂದೇ ಭಾವಿಸಿ ದೂರ ಸರಿಯುವುದು ಜಾಣತನ.

ಎರಡನೆಯದು ಕೊಳಕುಮಂಡಲ ಮತ್ತು ಮಣ್ಣುಮುಕ್ಕ. ಕೊಳಕುಮಂಡಲದ ಬೆನ್ನಿನ ಮೇಲೆ ಕಪ್ಪಂಚಿನ ಅಂಡಾಕಾರದ ಮಚ್ಚೆಗಳು ಸರಪಳಿಯ ಕೊಂಡಿಗಳಂತೆ ಮೂರು ಸಾಲುಗಳಲ್ಲಿರುತ್ತವೆ. ತಲೆ ಅಗಲ, ಕತ್ತು ಸಣ್ಣದು. ಕೆಣಕಿದರೆ ಕುಕ್ಕರಿನ ಹಬೆ ಬಿಟ್ಟಂತೆ ದೀರ್ಘವಾಗಿ ಬುಸುಗುಟ್ಟುತ್ತದೆ. ಮಣ್ಣುಮುಕ್ಕದ ಮಚ್ಚೆಗಳು ಅಂಕುಡೊಂಕಾಗಿ ಒಂದಕ್ಕೊಂದು ಬೆರೆತಿರುತ್ತವೆ. ತಲೆಗೂ ಕತ್ತಿಗೂ ವ್ಯತ್ಯಾಸವೇ ತಿಳಿಯುವುದಿಲ್ಲ, ಬಾಲ ಮೋಟಾಗಿರುತ್ತದೆ. ಇದೇ ಗುಂಪಿಗೆ ಸೇರಿದ ಕೆಂಪು ಮಣ್ಣುಮುಕ್ಕದ ಬಾಲವೂ ತಲೆಯಂತೆ ಮೊಂಡಾಗಿರುವುದರಿಂದ ಜನ ಅದನ್ನು 'ಎರಡು ತಲೆಯ ಹಾವು' ಎನ್ನುತ್ತಾರೆ. ಅದೃಷ್ಟ ತರುತ್ತದೆಂಬ ಮೂಢನಂಬಿಕೆಯಿಂದ ಈ ಬಡಪಾಯಿ ಹಾವಿನ ಕಳ್ಳಸಾಗಣೆ ನಡೆಯುತ್ತಿರುವುದು ವಿಷಾದದ ಸಂಗತಿ. ಇನ್ನು ಹೆಬ್ಬಾವಿನ ಮರಿಯನ್ನೂ ಕೊಳಕುಮಂಡಲವೆಂದು ತಿಳಿದು ಕೊಲ್ಲುವುದುಂಟು. ಹೆಬ್ಬಾವಿನ ಮಚ್ಚೆಗಳಿಗೆ ನಿಯತವಾದ ಆಕಾರವಿಲ್ಲ, ಸರಪಳಿಯ ಕ್ರಮವೂ ಇಲ್ಲ. ಇದರ ವಿರುದ್ಧದ ತಪ್ಪು ಹೆಚ್ಚು ಅಪಾಯಕಾರಿ. ಹೆಬ್ಬಾವಿನ ಮರಿಯೆಂದು ತಿಳಿದು ಕೊಳಕುಮಂಡಲವನ್ನು ಮುಟ್ಟಿದರೆ ಅದರ ವಿಷ ರಕ್ತ ಹೆಪ್ಪುಗಟ್ಟುವ ಶಕ್ತಿಯನ್ನು ಕೆಡಿಸಿ, ಮೂತ್ರಪಿಂಡಗಳಿಗೂ ಹಾನಿ ಮಾಡುತ್ತದೆ.

ಮೂರನೆಯದು ನಾಗರಹಾವು ಮತ್ತು ಕೇರೆಹಾವು. ಹೆಡೆ ಬಿಚ್ಚಿದ ನಾಗರವನ್ನು ಗುರುತಿಸಲು ಯಾರೂ ಕಲಿಸಬೇಕಿಲ್ಲ. ಅಶ್ವತ್ಥಕಟ್ಟೆಯ ನಾಗರಕಲ್ಲುಗಳೇ ಆ ಪಾಠ ಹೇಳಿಕೊಟ್ಟಿವೆ. ತೊಂದರೆಯಾಗುವುದು ಹೆಡೆ ಮಡಚಿಕೊಂಡು ಹರಿಯುವಾಗ. ಕೇರೆಹಾವು ನಾಗರಕ್ಕಿಂತ ಉದ್ದ, ಚುರುಕು. ಅದರ ಕಣ್ಣು ದೊಡ್ಡದು, ತಲೆ ಕತ್ತಿಗಿಂತ ಸ್ಪಷ್ಟವಾಗಿ ಬೇರೆಯಾಗಿ ಕಾಣುತ್ತದೆ. ತುಟಿಯ ಹುರುಪೆಗಳ ನಡುವೆ ಶಾಯಿಯಿಂದ ಗೆರೆ ಎಳೆದಂತೆ ಕಪ್ಪು ರೇಖೆಗಳಿರುತ್ತವೆ. ಕೇರೆಗೂ ನಾಗರಕ್ಕೂ ಕೂಡಿಕೆಯಾಗುತ್ತದೆಂಬುದು, ಕೇರೆ ಹಸುವಿನ ಹಾಲು ಕುಡಿಯುತ್ತದೆಂಬುದು ಕೇವಲ ಕಟ್ಟುಕತೆ. ಎರಡು ಹಾವುಗಳು ಹೆಣೆದುಕೊಂಡು ಎದ್ದು ನಿಲ್ಲುವ ನೋಟವನ್ನು 'ಸರ್ಪಗಳ ಮಿಲನ' ಎನ್ನುವುದುಂಟು. ಅದು ಬಹುಮಟ್ಟಿಗೆ ಎರಡು ಗಂಡು ಕೇರೆಗಳ ನಡುವಿನ ಬಲಪರೀಕ್ಷೆ.

ಕೆರೆಯ ಅಂಚಿನ ನೀರೊಳ್ಳೆ ಹಾವೂ ನಾಗರವೆಂದು ಕರೆಸಿಕೊಂಡು ಪೆಟ್ಟು ತಿನ್ನುತ್ತದೆ. ಹೆದರಿದಾಗ ಅದು ಕತ್ತನ್ನು ಚಪ್ಪಟೆ ಮಾಡುವುದೇ ಇದಕ್ಕೆ ಕಾರಣ. ಮೈಮೇಲೆ ಚದುರಂಗದ ಹಾಸಿನಂತಹ ಕಪ್ಪು ಚೌಕಗಳು, ಕಣ್ಣಿನಿಂದ ಹಿಂದಕ್ಕೆ ಓರೆಯಾಗಿ ಇಳಿಯುವ ಎರಡು ಕಪ್ಪು ಗೆರೆಗಳು ಇದರ ಗುರುತು. ಮುಟ್ಟಿದರೆ ಕಚ್ಚುತ್ತದೆ, ರಕ್ತವೂ ಬರುತ್ತದೆ. ಆದರೆ ಮನುಷ್ಯರಿಗೆ ಅಪಾಯ ತರುವ ವಿಷ ಅದಕ್ಕಿಲ್ಲ.

ನಾಲ್ಕನೆಯದು ಗರಗಸ ಮಂಡಲ ಮತ್ತು ಬೆಕ್ಕುಗಣ್ಣಿನ ಹಾವು. ಗರಗಸ ಮಂಡಲ ಒಣ, ಕಲ್ಲುಬಯಲಿನ ಜೀವಿ, ಉದ್ದ ಅಡಿಯೊಂದು ಒಂದೂವರೆಯಷ್ಟೇ. ಪಕ್ಕೆಗಳಲ್ಲಿ ಅಲೆಯಂತಹ ಬಿಳಿ ಗೆರೆ, ತಲೆಯ ಮೇಲೆ ಬಾಣದಂತಹ ಗುರುತು ಇರುತ್ತವೆ. ಕೆರಳಿದಾಗ ಸುರುಳಿ ಸುತ್ತಿಕೊಂಡು ಹುರುಪೆಗಳನ್ನು ಉಜ್ಜಿ ಗರಗರ ಸದ್ದು ಮಾಡುತ್ತದೆ. ಬೆಕ್ಕುಗಣ್ಣಿನ ಹಾವು ಇದಕ್ಕಿಂತ ಉದ್ದ, ತೀರ ತೆಳ್ಳಗೆ. ದೊಡ್ಡ ಕಣ್ಣು, ಸೀಳು ಪಾಪೆ ಇರುತ್ತದೆ, ಹುರುಪೆಗಳು ನುಣುಪು. ಅದರ ವಿಷ ಮನುಷ್ಯರನ್ನು ಕೊಲ್ಲುವಂಥದ್ದಲ್ಲ.

ಹೂಕುಂಡದ ಮಣ್ಣಿನಲ್ಲಿ ಎರೆಹುಳುವಿನಂತೆ ಹೊರಳಾಡುವ ಕರಿಯ ಹುಳುಹಾವನ್ನು ಕಂಡು ನಾಗರದ ಮರಿಯೆಂದು ಬೆಚ್ಚುವವರಿದ್ದಾರೆ. ಇರುವೆ, ಗೆದ್ದಲಿನ ಮೊಟ್ಟೆ ಮರಿಗಳನ್ನು ತಿಂದು ಬದುಕುವ ಈ ಜೀವಿಯಲ್ಲಿ ಗಂಡುಗಳೇ ಇಲ್ಲ. ಹೆಣ್ಣುಗಳು ಗಂಡಿನ ನೆರವಿಲ್ಲದೆ ಮೊಟ್ಟೆಯಿಡುತ್ತವೆ. ನರ್ಸರಿಯ ಕುಂಡಗಳ ಜೊತೆಯಲ್ಲಿಯೇ ಅದು ಜಗತ್ತಿನ ನಾನಾ ದೇಶಗಳನ್ನು ತಲುಪಿದೆ. ನಿಜವಾದ ನಾಗರದ ಮರಿ ಹೇಗಿರುತ್ತದೆಂಬುದನ್ನೂ ತಿಳಿದಿರಬೇಕು. ಅದು ಮೊಟ್ಟೆಯೊಡೆದು ಬಂದ ದಿನವೇ ಹೆಡೆ ಎತ್ತುತ್ತದೆ, ಆ ದಿನದಿಂದಲೇ ಅದಕ್ಕೆ ವಿಷವೂ ಇರುತ್ತದೆ.

ಕಾಲುಳ್ಳ ಉರಗಗಳು

ಭಾರತದಲ್ಲಿ ಮನುಷ್ಯರ ಪ್ರಾಣಕ್ಕೆ ಕುತ್ತು ತರುವಂತಹ ವಿಷದ ಹಲ್ಲಿ ಒಂದೂ ಇಲ್ಲ. ಹೀಗಿದ್ದರೂ ಹಾವುರಾಣಿಯನ್ನು ಕಂಡರೆ ಹೌಹಾರುವವರು ಕಡಿಮೆಯೇನಲ್ಲ. ಹೊಳೆಯುವ ನುಣುಪು ಮೈ, ಹಾವಿನಂತಹ ತಲೆ ಈ ಭಯಕ್ಕೆ ಕಾರಣ. ನಾಲ್ಕು ಪುಟ್ಟ ಕಾಲುಗಳು, ಮಿಟುಕಿಸುವ ರೆಪ್ಪೆ, ಕಿವಿಯ ರಂಧ್ರ ಇದ್ದರೆ ಅದು ಹಾವುರಾಣಿ. ಹಾವುಗಳಿಗೆ ರೆಪ್ಪೆಯೂ ಇಲ್ಲ, ಹೊರಗಿವಿಯ ರಂಧ್ರವೂ ಇಲ್ಲ.

ಬೇಲಿಯ ಮೇಲೆ ಕುಳಿತು ತಲೆ ಆಡಿಸುವ ಓತಿಕ್ಯಾತವನ್ನೇ ಅನೇಕರು ಗೋಸುಂಬೆ ಎನ್ನುತ್ತಾರೆ. ಬೆದೆಯ ಕಾಲದಲ್ಲಿ ಗಂಡು ಓತಿಯ ತಲೆ, ಗಂಟಲು ಕೆಂಪಾಗುವುದರಿಂದ ಈ ಗೊಂದಲ ಹುಟ್ಟಿದೆ. ನಿಜವಾದ ಗೋಸುಂಬೆಯ ಎರಡು ಕಣ್ಣುಗಳು ಗೋಪುರದಂತೆ ಉಬ್ಬಿದ್ದು ಬೇರೆ ಬೇರೆ ದಿಕ್ಕಿಗೆ ಹೊರಳುತ್ತವೆ. ಬೆರಳುಗಳು ಇಕ್ಕಳದಂತೆ ಕೊಂಬೆಯನ್ನು ಹಿಡಿಯುತ್ತವೆ, ಬಾಲ ಸುರುಳಿಯಾಗುತ್ತದೆ, ನಡಿಗೆ ಬಹಳ ನಿಧಾನ. ಓತಿಕ್ಯಾತಕ್ಕೆ ಇವು ಯಾವುವೂ ಇಲ್ಲ.

ಹೊರವಲಯದ ಕಲ್ಲುಬಂಡೆಗಳ ಮೇಲೆ, ಕಾಂಪೌಂಡ್ ಗೋಡೆಗಳ ಮೇಲೆ ಬಿಸಿಲು ಕಾಯುವ ಬಂಡೆ ಓತಿ ಬೆಂಗಳೂರಿನ ವಿಜ್ಞಾನಿಗಳಿಗೆ ಬಹಳ ಕಲಿಸಿದ ಪ್ರಾಣಿ. ಭಾರತೀಯ ವಿಜ್ಞಾನ ಸಂಸ್ಥೆಯ ಅನುರಾಧಾ ಬಟಬ್ಯಾಲ್ ಮತ್ತು ಮರಿಯಾ ಥಾಕರ್ ಅವರು ೨೦೧೭ರಲ್ಲಿ ಪ್ರಕಟಿಸಿದ ಅಧ್ಯಯನದ ಪ್ರಕಾರ ಗಂಡು ಬಂಡೆ ಓತಿ ಹೆಣ್ಣಿನ ಎದುರು ಒಂದು ಬಗೆಯ ಬಣ್ಣಗಳನ್ನು ತೋರಿದರೆ, ಎದುರಾಳಿ ಗಂಡಿನ ಎದುರು ಬೇರೆಯೇ ಬಣ್ಣಗಳನ್ನು ತಳೆಯುತ್ತದೆ. ಇದೇ ಸಂಶೋಧಕರು ೨೦೧೯ರಲ್ಲಿ ಇನ್ನೊಂದು ಸಂಗತಿಯನ್ನು ತಿಳಿಸಿದರು. ಎರಡು ಅಡಗುತಾಣಗಳಲ್ಲಿ ಸುರಕ್ಷಿತವಾದುದು ಯಾವುದೆಂಬುದನ್ನು ನಗರದ ಅಂಚಿನ ಓತಿಗಳು ಹಳ್ಳಿಗಾಡಿನ ಓತಿಗಳಿಗಿಂತ ಬೇಗ ಕಲಿಯುತ್ತವೆ. ಒಂದೇ ಪ್ರಾಣಿ ಗಳಿಗೆಗೊಂದು ಬಣ್ಣ ತೋರುವುದಾದರೆ, ಬಣ್ಣ ನೋಡಿ ಹೆಸರಿಡುವುದು ಎಷ್ಟು ಅವಿಶ್ವಸನೀಯವೆಂಬುದನ್ನು ಬೇರೆ ಹೇಳಬೇಕಾಗಿಲ್ಲ.

ಕಿವಿಯಿಂದ ಗುರುತಿಸಬೇಕಾದ ಕಪ್ಪೆಗಳು

ಭರಣಿ, ಕೃತ್ತಿಕೆ ಮಳೆಗಳು ಬಿದ್ದ ರಾತ್ರಿ ಖಾಲಿ ನಿವೇಶನದ ಹೊಂಡದಿಂದ ಏಳುವ ಗದ್ದಲದಲ್ಲಿ ನಾಲ್ಕಾರು ಬಗೆಯ ಕಪ್ಪೆಗಳ ದನಿ ಸೇರಿರುತ್ತದೆ. ಕೂಗುವವು ಗಂಡುಗಳು, ಕರೆಯುವುದು ಹೆಣ್ಣುಗಳನ್ನು. ಪ್ರತಿ ಪ್ರಭೇದಕ್ಕೂ ತನ್ನದೇ ಕೂಗಿದೆ. ಆದ್ದರಿಂದ ಕತ್ತಲಲ್ಲಿ ಕಣ್ಣಿಗಿಂತ ಕಿವಿಯೇ ಹೆಚ್ಚು ನಂಬಿಕೆಗೆ ಅರ್ಹ.

ಒಣಗಿದ ಗಂಟು ಗಂಟಾದ ಚರ್ಮ, ತಲೆಯ ಮೇಲೆ ಕಪ್ಪು ಏಣು, ಕಣ್ಣಿನ ಹಿಂದೆ ಉಬ್ಬಿದ ಗ್ರಂಥಿ ಇದ್ದರೆ ಅದು ನೆಲಗಪ್ಪೆ. ಅದನ್ನು ಮುಟ್ಟಿದರೆ ಗಂಟುಗಳು ಏಳುತ್ತವೆಂಬುದು ಸುಳ್ಳು. ಆದರೆ ಗ್ರಂಥಿಯ ಸ್ರಾವ ಕಣ್ಣು, ಬಾಯಿಗೆ ತಗುಲಿದರೆ ಉರಿಯುತ್ತದೆ. ನೀರಿನ ಮೇಲೆ ಕಣ್ಣಷ್ಟೇ ತೋರಿಸಿ ತೇಲುತ್ತ, ಹತ್ತಿರ ಹೋದೊಡನೆ ನೀರಿನ ಮೇಲೆಯೇ ಕುಪ್ಪಳಿಸಿ ಓಡುವುದು ಹೊಂಡದ ಸಾಮಾನ್ಯ ಕಪ್ಪೆ. ಅಂಗೈಯನ್ನೂ ಮೀರಿ ಬೆಳೆಯುವ, ಬೆನ್ನ ಮೇಲೆ ಉದ್ದುದ್ದ ಮಡಿಕೆಗಳಿರುವ ಗೋಂಕರುಗಪ್ಪೆಯ ಗಂಡು ಮಳೆಗಾಲದ ಆರಂಭದಲ್ಲಿ ಅರಿಸಿನ ಮೆತ್ತಿಕೊಂಡಂತೆ ಹಳದಿಯಾಗುತ್ತದೆ. ಗಂಟಲ ಪಕ್ಕದ ಚೀಲಗಳು ನೀಲಿಯಾಗುತ್ತವೆ. ಕಾಲಿನ ಮಾಂಸಕ್ಕಾಗಿ ಈ ಕಪ್ಪೆಗಳನ್ನು ಅಪಾರ ಪ್ರಮಾಣದಲ್ಲಿ ಹಿಡಿದು ಹೊರದೇಶಗಳಿಗೆ ಕಳುಹಿಸಲಾಗುತ್ತಿತ್ತು. ೧೯೮೭ರಲ್ಲಿ ಭಾರತ ಈ ರಫ್ತನ್ನು ನಿಷೇಧಿಸಿತು.

ಬೆರಳತುದಿಯಲ್ಲಿ ಬಿಲ್ಲೆಗಳಿದ್ದು ಸ್ನಾನದ ಮನೆಯ ಗೋಡೆಗೆ ಅಂಟಿ ಕುಳಿತಿರುವುದು ಮರಗಪ್ಪೆ. ನೀರಿನ ಮೇಲೆ ಚಾಚಿದ ಗಿಡಕ್ಕೋ ತೊಟ್ಟಿಯ ಅಂಚಿಗೋ ಅಂಟಿದ ನೊರೆಯ ಮುದ್ದೆ ಅದರ ಗೂಡು. ಹೆಬ್ಬೆರಳಿನ ಉಗುರಿಗಿಂತ ತುಸು ದೊಡ್ಡದಾದ, ಕಿರಿದಾದ ಬಾಯಿಯ ಕಪ್ಪೆ ತನ್ನ ಗಾತ್ರಕ್ಕೆ ಮೀರಿದ ಕರ್ಕಶ ದನಿ ಹೊರಡಿಸಿದರೆ ಅದು ಮೈಕ್ರೋಹೈಲಾ. ಇನ್ನು ಬೆಂಗಳೂರಿನ ಹೆಸರು ಹೊತ್ತ ಬಿಲಗಪ್ಪೆಯ ಗುಂಪಿನವು ಗುಂಡಾದ ಮೈ, ಗಿಡ್ಡ ಕಾಲುಗಳ ಜೀವಿಗಳು. ಹಿಂಗಾಲಿನ ಅಡಿಯಲ್ಲಿರುವ ಗುದ್ದಲಿಯಂತಹ ಗಟ್ಟಿ ಉಬ್ಬಿನಿಂದ ಅವು ಹಿಂದಕ್ಕೆ ಅಗೆಯುತ್ತ ಮಣ್ಣಿನೊಳಗೆ ಇಳಿದುಬಿಡುತ್ತವೆ. ವರ್ಷದ ಬಹುಭಾಗ ನೆಲದಡಿ ಕಳೆದು ಮಳೆಗೆ ಹೊರಬರುತ್ತವೆ. ಇವುಗಳಲ್ಲಿ ಒಂದು ಪ್ರಭೇದವನ್ನು ಇನ್ನೊಂದರಿಂದ ಬೇರ್ಪಡಿಸುವುದು ಬರಿಗಣ್ಣಿಗೆ ಸಾಧ್ಯವಾಗದ ಕೆಲಸ. ರಾಜಾನುಕುಂಟೆಯ ಕಪ್ಪೆ ಹೊಸದೆಂದು ಸ್ಥಾಪಿಸಲು ದೇಹದ ಅಳತೆಗಳ ಜೊತೆಗೆ ವಂಶವಾಹಿಗಳ ಪರೀಕ್ಷೆಯೂ ಬೇಕಾಯಿತು.

ಕಪ್ಪೆಗಳು ಚರ್ಮದ ಮೂಲಕವೂ ಉಸಿರಾಡುತ್ತವೆ. ನೀರಿನಲ್ಲಿ ಕರಗಿದ್ದೆಲ್ಲವೂ ಅವುಗಳ ಮೈಯನ್ನು ಹೊಗುತ್ತದೆ. ವರ್ತೂರು ಕೆರೆಯ ನೊರೆ ರಸ್ತೆಗೆ ಹಾರಿದ್ದನ್ನೂ, ೨೦೧೭ ಹಾಗೂ ೨೦೧೮ರಲ್ಲಿ ಬೆಳ್ಳಂದೂರು ಕೆರೆಗೆ ಬೆಂಕಿ ಹೊತ್ತಿಕೊಂಡದ್ದನ್ನೂ ಕಂಡ ನಗರಕ್ಕೆ ಕೆರೆಯ ಆರೋಗ್ಯ ಅಳೆಯುವ ಸುಲಭ ವಿಧಾನವೊಂದು ಇಲ್ಲಿದೆ. ಮಳೆ ಬಿದ್ದ ರಾತ್ರಿ ಕೆರೆಯಂಚಿನಲ್ಲಿ ಎಷ್ಟು ಬಗೆಯ ಕೂಗು ಕೇಳುತ್ತದೆಂದು ವರ್ಷ ವರ್ಷವೂ ಬರೆದಿಡುವುದೇ ಆ ವಿಧಾನ.

ನೋಡುವ ಕ್ರಮ

ಗುರುತಿಸುವ ಕಲೆಗೆ ಬೇಕಾದದ್ದು ಧೈರ್ಯವಲ್ಲ, ಅಂತರ. ಹಾವಿನಿಂದ ಕನಿಷ್ಠ ಆರೇಳು ಅಡಿ ದೂರ ನಿಂತು ತಲೆ, ನಡು, ಬಾಲ ಮೂರೂ ಬರುವಂತೆ ಚಿತ್ರ ತೆಗೆಯಬೇಕು. ದಿನಾಂಕ, ಹೊತ್ತು, ಜಾಗ, ಪ್ರಾಣಿ ಏನು ಮಾಡುತ್ತಿತ್ತು ಎಂಬುದನ್ನು ಬರೆದುಕೊಳ್ಳಬೇಕು. ಕಪ್ಪೆಯಾದರೆ ಮೊಬೈಲಿನಲ್ಲಿ ಅರ್ಧ ನಿಮಿಷದ ಕೂಗನ್ನು ಮುದ್ರಿಸಿಕೊಂಡರೆ ಚಿತ್ರಕ್ಕಿಂತ ಹೆಚ್ಚು ಉಪಯೋಗವಾಗುತ್ತದೆ. ಇಂಡಿಯಾ ಬಯೋಡೈವರ್ಸಿಟಿ ಪೋರ್ಟಲ್, ಐನ್ಯಾಚುರಲಿಸ್ಟ್ ತಾಣಗಳಿಗೆ ಇವನ್ನು ಸೇರಿಸಿದರೆ ಬಲ್ಲವರು ನೋಡಿ ಹೆಸರು ತಿಳಿಸುತ್ತಾರೆ. ರೋಮುಲಸ್ ವಿಟೇಕರ್ ಮತ್ತು ಅಶೋಕ್ ಕ್ಯಾಪ್ಟನ್ ಅವರ ಹಾವುಗಳ ಕೈಪಿಡಿ (೨೦೦೪) ಇಂದಿಗೂ ಉಪಯುಕ್ತ. ಆದರೆ ಮೊಬೈಲ್ ತಂತ್ರಾಂಶವೊಂದು ಚಿತ್ರ ನೋಡಿ 'ವಿಷವಿಲ್ಲ' ಎಂದರೂ ಅದನ್ನು ನಂಬಿ ಹಾವನ್ನು ಮುಟ್ಟುವುದು ಸಲ್ಲದು.

ಹಾವು ಕಟ್ಟಡದೊಳಗೆ ಸೇರಿಕೊಂಡಿದ್ದರೆ ಅರಣ್ಯ ಇಲಾಖೆಯ ಸಹಾಯವಾಣಿ ೧೯೨೬ಕ್ಕೆ ಕರೆ ಮಾಡಬಹುದು. ೧೯೭೨ರ ವನ್ಯಜೀವಿ ಸಂರಕ್ಷಣಾ ಕಾಯಿದೆಯಡಿ ನಾಗರಹಾವು, ಹೆಬ್ಬಾವು, ಉಡ, ನಕ್ಷತ್ರ ಆಮೆ ಮೊದಲಾದವನ್ನು ಕೊಲ್ಲುವುದು, ಸಾಕುವುದು, ಮಾರುವುದು ಅಪರಾಧ. ಹಿಡಿದ ಹಾವನ್ನು ದೂರದ ಕಾಡಿಗೆ ಒಯ್ದು ಬಿಡುವುದು ಪುಣ್ಯದ ಕೆಲಸವೆಂಬ ಭಾವನೆಯೂ 'ಹಾವೂ ಸಾಯಬಾರದು, ಕೋಲೂ ಮುರಿಯಬಾರದು' ಎಂಬ ಉದ್ದೇಶವನ್ನು ಈಡೇರಿಸುವುದಿಲ್ಲ. ಆಗುಂಬೆಯಲ್ಲಿ ರೇಡಿಯೋ ಸಾಧನ ಅಳವಡಿಸಿ ನಡೆಸಿದ ಅಧ್ಯಯನದಲ್ಲಿ, ದೂರಕ್ಕೆ ಸಾಗಿಸಿ ಬಿಟ್ಟ ಕಾಳಿಂಗಸರ್ಪ ನೆಲೆ ಕಾಣದೆ ಬಹುದೂರ ಅಲೆದದ್ದು ದಾಖಲಾಗಿದೆ. ಹಿಡಿದ ಹಾವನ್ನು ಹತ್ತಿರದ ತಕ್ಕ ಜಾಗದಲ್ಲಿಯೇ ಬಿಡುವುದು ಲೇಸು.

ಕಚ್ಚಿದ ಮೇಲೆ ಗುರುತಿಸಲು ಹೋಗಬಾರದು

ಇಷ್ಟೆಲ್ಲ ಹೇಳಿದ ಮೇಲೆ ಒಂದು ಮಾತನ್ನು ಒತ್ತಿ ಹೇಳಬೇಕಾಗುತ್ತದೆ. ಈ ಜ್ಞಾನ ಉಪಯೋಗಕ್ಕೆ ಬರುವುದು ಕಡಿತಕ್ಕೆ ಮುಂಚೆ. ಕಚ್ಚಿದ ಮೇಲೆ ಎಲ್ಲ ಹಾವೂ ವಿಷದ ಹಾವೇ ಎಂದು ತಿಳಿದು ಆಸ್ಪತ್ರೆಗೆ ಧಾವಿಸಬೇಕು.

೨೦೨೦ರಲ್ಲಿ ಪ್ರಕಟವಾದ ಅಧ್ಯಯನವೊಂದರ ಅಂದಾಜಿನಂತೆ ೨೦೦೦ದಿಂದ ೨೦೧೯ರ ಅವಧಿಯಲ್ಲಿ ಭಾರತದಲ್ಲಿ ಹಾವು ಕಡಿತದಿಂದ ಸುಮಾರು ೧೨ ಲಕ್ಷ ಜನ, ಅಂದರೆ ವರ್ಷಕ್ಕೆ ಸರಾಸರಿ ೫೮,೦೦೦ ಮಂದಿ ಸತ್ತಿದ್ದಾರೆ. ಅರ್ಧದಷ್ಟು ಸಾವುಗಳು ಜೂನ್‌ನಿಂದ ಸೆಪ್ಟೆಂಬರ್‌ವರೆಗಿನ ತಿಂಗಳುಗಳಲ್ಲಿ ಸಂಭವಿಸಿವೆ. ೨೦೨೪ರ ಫೆಬ್ರುವರಿಯಲ್ಲಿ ಕರ್ನಾಟಕ ಸರ್ಕಾರವು ಹಾವು ಕಡಿತವನ್ನು ಕಡ್ಡಾಯವಾಗಿ ವರದಿ ಮಾಡಬೇಕಾದ ಪ್ರಕರಣವೆಂದು ಘೋಷಿಸಿತು. ಅದೇ ವರ್ಷದ ಮಾರ್ಚ್‌ನಲ್ಲಿ ಕೇಂದ್ರ ಸರ್ಕಾರವು ೨೦೩೦ರ ವೇಳೆಗೆ ಇಂತಹ ಸಾವುಗಳನ್ನು ಅರ್ಧಕ್ಕಿಳಿಸುವ ರಾಷ್ಟ್ರೀಯ ಯೋಜನೆಯನ್ನು ಪ್ರಕಟಿಸಿತು.

ಹೊರವಲಯದಲ್ಲಿ ಹೆಚ್ಚು ಅಪಾಯಕ್ಕೆ ಒಳಗಾಗುವವರು ಗಾಜಿನ ಕಟ್ಟಡಗಳೊಳಗೆ ಕೆಲಸ ಮಾಡುವವರಲ್ಲ. ಆ ಕಟ್ಟಡಗಳನ್ನು ಕಟ್ಟುತ್ತ ತಗಡಿನ ಶೆಡ್ಡುಗಳಲ್ಲಿ ನೆಲದ ಮೇಲೆ ಮಲಗುವ ಕೂಲಿಕಾರರು, ರಾತ್ರಿಪಾಳಿಯ ಕಾವಲುಗಾರರು, ಹುಲ್ಲು ಕತ್ತರಿಸುವ ತೋಟದ ಕೆಲಸಗಾರರು. ಕಟ್ಟುಹಾವು ಮಲಗಿದವರನ್ನು ಕಚ್ಚಿದಾಗ ಬಹಳ ಸಲ ನೋವೂ ಇಲ್ಲ, ಊತವೂ ಇಲ್ಲ. ಬೆಳಗಿನ ಜಾವ ಹೊಟ್ಟೆನೋವು, ರೆಪ್ಪೆ ಜೋತುಬೀಳುವುದು, ಮಾತು ತೊದಲುವುದು, ನುಂಗಲಾಗದಿರುವುದು ಕಂಡಾಗ ಅಜೀರ್ಣವೆಂದು ಸುಮ್ಮನಿದ್ದರೆ ಉಸಿರಾಟವೇ ನಿಲ್ಲುವ ಅಪಾಯವಿದೆ. ಮಂಚದ ಮೇಲೆ ಮಲಗುವುದು, ಸೊಳ್ಳೆಪರದೆಯನ್ನು ಹಾಸಿಗೆಯ ಅಡಿಗೆ ಸಿಕ್ಕಿಸುವುದು, ರಾತ್ರಿ ಟಾರ್ಚ್ ಹಿಡಿದು ನಡೆಯುವುದು, ಕಾಲಿಗೆ ಬೂಟು ಹಾಕುವುದು ಇವಿಷ್ಟೇ ಅನೇಕ ಜೀವಗಳನ್ನು ಉಳಿಸಬಲ್ಲವು.

ಕಡಿತವಾದಲ್ಲಿ ಕಚ್ಚಿದ ಅಂಗವನ್ನು ಅಲುಗಾಡದಂತೆ ಇರಿಸಿ, ಉಂಗುರ, ಬಳೆ, ಗೆಜ್ಜೆಗಳನ್ನು ತೆಗೆದು, ೧೦೮ ವಾಹನದಲ್ಲಿಯೋ ಸಿಕ್ಕ ಬೇರೆ ವಾಹನದಲ್ಲಿಯೋ ವೆಂಟಿಲೇಟರ್ ಮತ್ತು ಪ್ರತಿವಿಷ ಇರುವ ಆಸ್ಪತ್ರೆಗೆ ಕರೆದೊಯ್ಯಬೇಕು. ಬಿಗಿಯಾಗಿ ಕಟ್ಟುವುದು, ಕೊಯ್ಯುವುದು, ಬಾಯಿಯಿಂದ ಹೀರುವುದು, ನಾಟಿ ಔಷಧಿಗೆಂದು ಕಾಯುವುದು ಯಾವುದೂ ಕೂಡದು. ಹಾವನ್ನು ಹಿಡಿದು ತರುವ ಅಗತ್ಯವಿಲ್ಲ. ನಮ್ಮಲ್ಲಿ ದೊರೆಯುವ ಪ್ರತಿವಿಷವನ್ನು ನಾಲ್ಕೂ ಮುಖ್ಯ ಹಾವುಗಳ ವಿಷಕ್ಕೆ ಒಟ್ಟಾಗಿ ತಯಾರಿಸಲಾಗುತ್ತದೆ. ವೈದ್ಯರು ರೋಗಿಯ ಲಕ್ಷಣಗಳನ್ನೂ, ರಕ್ತ ೨೦ ನಿಮಿಷದಲ್ಲಿ ಹೆಪ್ಪುಗಟ್ಟುತ್ತದೆಯೇ ಎಂಬುದನ್ನೂ ನೋಡಿ ಚಿಕಿತ್ಸೆ ನೀಡುತ್ತಾರೆ.

ಕಾರ್ಖಾನೆ, ಕಟ್ಟಡ ಕಾಮಗಾರಿಯ ತಾಣ ಹಾಗೂ ವಸತಿ ಸಮುಚ್ಚಯಗಳ ಆಡಳಿತ ವರ್ಗಗಳು ನಾಲ್ಕು ವಿಷದ ಹಾವುಗಳ ಮತ್ತು ಅವುಗಳ ಜೋಡಿ ಹಾವುಗಳ ಚಿತ್ರಗಳನ್ನು ಕಾವಲುಗಾರರ ಕೊಠಡಿಯಲ್ಲಿ ತೂಗುಹಾಕಿ, ಕನ್ನಡದ ಜೊತೆಗೆ ಕೂಲಿಕಾರರು ಆಡುವ ಭಾಷೆಗಳಲ್ಲಿಯೂ ವಿವರ ಬರೆಸಿ, ಹತ್ತಿರದ ಆಸ್ಪತ್ರೆಯ ದೂರವಾಣಿ ಸಂಖ್ಯೆಯನ್ನು ಕೆಳಗೆ ನಮೂದಿಸಿದರೆ ಆಗುವ ಖರ್ಚು ಅತ್ಯಲ್ಪ. ಮುಂಗಾರು ಆರಂಭಕ್ಕೆ ಮುನ್ನ ಅಷ್ಟಾದರೂ ನಡೆದರೆ, ಕೇರೆಹಾವು ತನ್ನ ಪಾಡಿಗೆ ಇಲಿ ಹಿಡಿಯುತ್ತಿರುತ್ತದೆ, ಶೆಡ್ಡಿನಲ್ಲಿ ಮಲಗಿದವರೂ ಬೆಳಿಗ್ಗೆ ಕೆಲಸಕ್ಕೆ ಏಳುತ್ತಾರೆ.